ಕನಾಯೊಕ್ ಹಿಡಿಯದವನು

"ನಿಮ್ಮಪ್ಪ ಮೂರು ದಿನದಿಂದ ಏನೂ ತಿಂದಿಲ್ಲವಂತೆ," ಎಂದಳು ಡೊರ್ತೆ, ಗಂಡನ ಲೋಟಕ್ಕೆ ಕಾಫಿ ಬಗ್ಗಿಸುತ್ತ. "ಜ್ವರವೇನೋ ಬಿಟ್ಟಿದೆ. ಆದ್ರೆ ಗೊಂಬೆ ತಬ್ಕೊಂಡು ಗೋಡೆ ಕಡೆ ಮುಖ ಮಾಡಿ ಮಲಗಿಬಿಟ್ಟಿದ್ದಾರಂತೆ. ಏನು ಕೊಟ್ರೂ ಥೂ ಅಂತಾರಂತೆ."

ಎಫ್ರಾಯಿಮ್ ಬೂಟಿನ ದಾರ ಬಿಗಿಯುತ್ತಿದ್ದವನು ಬಿಗಿದದ್ದನ್ನೇ ಬಿಚ್ಚಿ ಮತ್ತೆ ಬಿಗಿದ. ಅವನಿಗೆ ಐವತ್ತೊಂದು. ಅವನ ಅಪ್ಪನಿಗೆ ಹೋದ ತಿಂಗಳು ಆರು ತುಂಬಿತ್ತು. ಅವನನ್ನು ಹೆತ್ತ ಅಪ್ಪ, ಮುದುಕ ಉಲ್ಲೋರಿಯಾಕ್, ಸತ್ತ ಹನ್ನೊಂದನೆಯ ದಿನಕ್ಕೆ ಮೇಲಿನ ಸಾಲಿನ ಹಳದಿ ಮನೆಯಲ್ಲಿ ತುಕುಮ್ಮೆಕ್ ಹೆಣ್ಣು ಹೆತ್ತಳು. ಊರು ಬೇರೆ ಯೋಚನೆಯನ್ನೇ ಮಾಡದೆ ಕೂಸನ್ನು ಉಲ್ಲೋರಿಯಾಕ್ ಎಂದು ಕರೆಯಿತು. ಅಲ್ಲಿಯ ನಂಬಿಕೆಯಲ್ಲಿ ಸತ್ತವನ ಹೆಸರು ಕೂಸಿಗೆ ಬಂತೆಂದರೆ ಹೆಸರಿನವನೂ ಬಂದ ಹಾಗೆ. ಅಂದಿನಿಂದ ಡೊರ್ತೆಗೆ ಆ ಕೂಸು ಮಾವ. ಅಂಗಡಿಯಲ್ಲಿ ಎದುರಾದರೆ "ಬನ್ನಿ ಮಾವ, ಮೂಗು ಒರೆಸ್ತೀನಿ" ಎಂದು ಬಹುವಚನದಲ್ಲೇ ಮೂಗು ಒರೆಸುತ್ತಾಳೆ. ಮಾತು ಬಂದ ಮೇಲೆ ಕೂಸೂ ಎಫ್ರಾಯಿಮನನ್ನು "ಮಗಾ" ಎಂದು ಕರೆಯುವುದನ್ನು ಕಲಿಯಿತು. ಕಲಿಯದೆ ಉಳಿದವನು ಎಫ್ರಾಯಿಮ್ ಒಬ್ಬನೇ. ಆರು ವರ್ಷದಲ್ಲಿ ಒಂದು ಸಲವೂ ಅವನು ಆ ಹುಡುಗಿಯನ್ನು ಅಪ್ಪ ಎಂದಿರಲಿಲ್ಲ. ಕ್ರಿಸ್‌ಮಸ್ಸಿಗೆ ಉಡುಗೊರೆ ಹೋಗುತ್ತಿತ್ತು, ಡೊರ್ತೆಯ ಕೈಯಲ್ಲಿ. ಹುಟ್ಟುಹಬ್ಬದ ಕಾಫಿಗೆ ಊರೆಲ್ಲ ಹಳದಿ ಮನೆಗೆ ಹೋಗುವ ದಿನ ಅವನ ದೋಣಿಯ ಮೋಟಾರು ತಪ್ಪದೆ ಕೆಡುತ್ತಿತ್ತು. ಇಳಿಜಾರಿನ ದಾರಿಯಲ್ಲಿ ಹುಡುಗಿ ಕುಣಿಯುತ್ತ ಬರುವುದು ಕಂಡರೆ ಅವನು ನಾಯಿಗಳನ್ನು ಕಟ್ಟಿದ ಬಂಡೆಗಳ ಹಿಂದಿನಿಂದ ಸುತ್ತು ಹಾಕುತ್ತಿದ್ದ. ಅವನ ನಾಯಿಗಳಲ್ಲ ಅವು, ಕಂಡವರ ನಾಯಿಗಳು. ಎರಡು ಸಲ ಕಚ್ಚಿದ್ದವು. ಅಂಗಡಿಯಲ್ಲಿ ಕೇಳಿದವರಿಗೆ, ದಾರಿ ಹತ್ತಿರ ಆಗುತ್ತೆ, ಎಂದಿದ್ದ.

"ಕನಾಯೊಕ್ ಸಾರು ಬೇಕಂತೆ," ಎಂದಳು ಡೊರ್ತೆ.

ಅವನು ಬೂಟಿನಿಂದ ತಲೆ ಎತ್ತಲಿಲ್ಲ. "ಬೋಲೆತೆ ಅಜ್ಜಿ ಹತ್ರ ಬಕೆಟ್ ತುಂಬ ಇರುತ್ತೆ."

"ಅವರು ಬೋಲೆತೆ ಅಜ್ಜಿನ ಕೇಳಿಲ್ಲ. 'ನನ್ನ ಮಗ ಹಿಡ್ಕೊಂಡು ಬರ್ಲಿ' ಅಂದ್ರಂತೆ. ತುಕುಮ್ಮೆಕ್ ನಗ್ತಾ ಹೇಳಿದ್ಲು. ನಂಗೆ ನಗು ಬರ್ಲಿಲ್ಲ."

"ಯಾರೋ ಹೇಳ್ಕೊಟ್ಟಿರ್ತಾರೆ."

"ಯಾರು ಹೇಳ್ಕೊಡ್ತಾರೆ? ಗೊತ್ತಿರೋದು ಯಾರಿಗೆ?"

ಅವಳಿಗೆ ಎಷ್ಟು ಗೊತ್ತು ಎನ್ನುವುದು ಆರು ವರ್ಷದಿಂದ ಅವನಿಗೆ ಗೊತ್ತಾಗಿರಲಿಲ್ಲ. ಕೇಳಲು ಹೋದರೆ ಹೇಳಬೇಕಾಗುತ್ತದೆ. ಹಾಗಾಗಿ ಅವನು ಕಾಫಿ ಕುಡಿದ. ಕಾಫಿ ನಾಲಗೆ ಸುಟ್ಟಿತು. ಸುಟ್ಟದ್ದು ಒಳ್ಳೆಯದೇ ಆಯಿತು, ಮಾತಾಡಬೇಕಾಗಿರಲಿಲ್ಲ.

ಕನಾಯೊಕ್ ಅಂದರೆ ಮೀನುಗಳಲ್ಲಿ ಮರ್ಯಾದೆಯಿಲ್ಲದ ಮೀನು. ಮೈಗಿಂತ ತಲೆ ದೊಡ್ಡದು, ತಲೆಗಿಂತ ಬಾಯಿ ದೊಡ್ಡದು, ಕೆನ್ನೆಯ ಮೇಲೆ ಮುಳ್ಳು. ದಕ್ಕೆಯ ಕೆಳಗೆ, ತಣ್ಣನೆಯ ಕೊರೆಯುವ ನೀರಿನ ತಳದಲ್ಲಿ ಕಲ್ಲಿನ ಹಾಗೆ ಕೂತಿರುತ್ತದೆ. ಮುಂದೆ ಬಿದ್ದದ್ದನ್ನು ನುಂಗುತ್ತದೆ, ಕರುಳಾದರೆ ಕರುಳು, ಕೆಂಪು ಚಿಂದಿಯಾದರೆ ಚಿಂದಿ. ಗಾಳದಿಂದ ಬಿಡಿಸಿ ನೀರಿಗೆ ಎಸೆದರೆ ತಿರುಗಿ ಬಂದು ಅದೇ ಗಾಳ ಕಚ್ಚುತ್ತದೆ. ಮೇಲೆಳೆದರೆ ತಲೆ ಇನ್ನಷ್ಟು ಊದಿಸಿಕೊಂಡು ಗುರ್ ಎನ್ನುತ್ತದೆ, ಇಡೀ ಸಮುದ್ರ ತನಗೆ ಹೆದರುತ್ತದೆ ಎಂಬಂತೆ. ಅದನ್ನು ಹಿಡಿಯುವವರು ಮಕ್ಕಳು ಮತ್ತು ವಿಧವೆಯರು. ಸಾರು ಮಾತ್ರ ಹಳದಿಯಾಗಿ, ಸಿಹಿಯಾಗಿ, ಕಾಯಿಲೆಯವರ ಗಂಟಲಿಗೂ ಇಳಿಯುವಂಥದ್ದು; ಮುದುಕರೆಲ್ಲ ಕೊನೆಗೆ ಕೇಳುವುದು ಅದನ್ನೇ. ಕೇಳಲಿ, ಕುಡಿಯಲಿ. ಆದರೆ ದೋಣಿಯಿದ್ದ, ಕೋವಿಯಿದ್ದ ಗಂಡಸು ದಕ್ಕೆಯ ಅಂಚಿನಲ್ಲಿ ಕಾಲು ಇಳಿಬಿಟ್ಟು ಕೈದಾರ ಹಿಡಿದು ಕೂತನೆಂದರೆ ಅವನ ಬೇಟೆಯ ಕಥೆ ಮುಗಿಯಿತು ಎಂದೇ ಊರು ತಿಳಿಯುತ್ತದೆ. ಎಫ್ರಾಯಿಮನ ಬೇಟೆಯ ಕಥೆ ಶುರುವಾಗಿದ್ದೇ ಅನುಮಾನ. ಶಾಲೆಯಲ್ಲಿ ಅವನಿಗಿದ್ದ ಅಡ್ಡಹೆಸರೇ ಕನಾಯೊಕ್. ಕನ್ನಡಿಯಲ್ಲಿ ನೋಡಿಕೊಂಡಾಗ ಹೆಸರಿಟ್ಟವರ ಕಣ್ಣು ಚುರುಕಾಗಿತ್ತು ಎಂದು ಅವನಿಗೂ ಒಪ್ಪಿಗೆಯಾಗಿತ್ತು. ಅಗಲ ತಲೆ, ಕಿವಿಯವರೆಗೆ ಬಾಯಿ, ಗದರಿಸಿದರೆ ಊದಿಕೊಳ್ಳುವ ಕೆನ್ನೆ. ಆ ಹೆಸರನ್ನು ಊರು ಮರೆಯಲೆಂದು ಅವನು ಮೂವತ್ತೈದು ವರ್ಷದಿಂದ ಆ ಮೀನಿನ ದಾರವನ್ನು ಮುಟ್ಟಿರಲಿಲ್ಲ. ಊರು ಯಾವಾಗಲೋ ಮರೆತಿತ್ತು. ನೆನಪಿಟ್ಟುಕೊಂಡಿದ್ದವನು ಅವನೇ.

ಆರು ವರ್ಷದ ಹಿಂದಿನ ಏಪ್ರಿಲ್ಲಿನಲ್ಲಿ ಅಪ್ಪ ಇದೇ ಅಡುಗೆಮನೆಯ ಬೆಂಚಿನ ಮೇಲೆ ಮಲಗಿದ್ದ. ಆಗಿನ್ನೂ ದಕ್ಕೆಯ ಸುತ್ತ ಮಂಜುಗಡ್ಡೆ. ಗಡ್ಡೆಯಲ್ಲಿ ತೂತು ಕೊರೆದು ಬೋಲೆತೆ ಅಜ್ಜಿ, ಅವಳ ತಂಗಿ, ನಾಲ್ಕು ಮಕ್ಕಳು ಸಾಲಾಗಿ ಕೂತಿರುತ್ತಿದ್ದರು. ಎಲ್ಲ ಕಿಟಕಿಗಳಿಗೂ ಕಾಣುವ ಜಾಗ. ಮಗಾ, ಒಂದು ಕನಾಯೊಕ್ ಸಾರು ಕುಡಿಯೋಣ ಅನ್ನಿಸ್ತಿದೆ, ಎಂದಿದ್ದ ಅಪ್ಪ. ಎಫ್ರಾಯಿಮ್ ಸರಿ ಎಂದು ಹೊರಟ. ಹೊರಟವನು ದೋಣಿಮನೆಯೊಳಗೆ ಹೋಗಿ, ಬಕೆಟ್ ಮಗುಚಿ ಅದರ ಮೇಲೆ ಕೂತು, ಎರಡು ಗಂಟೆ ಸಿಗರೇಟು ಸೇದಿ ವಾಪಸು ಬಂದ. ಸಿಗಲಿಲ್ಲ ಅಪ್ಪ, ಎಂದ. ನಾಲ್ಕು ವರ್ಷದ ಮಕ್ಕಳು ಹಿಡಿಯುವ ಮೀನು. ಅಪ್ಪನನ್ನು ನೋಡಲು ಬಂದಿದ್ದ ಹಳೆಯ ಗೆಳೆಯ ಲುದ್ವಿಗ್ ಆ ಮಧ್ಯಾಹ್ನವೇ ಅದೇ ಮೀನು ಉಂಡು ಬಂದಿದ್ದ, ಅವನ ಸ್ವೆಟರಿನಿಂದ ವಾಸನೆ ಬರುತ್ತಿತ್ತು. ಅಪ್ಪ ಮಗನನ್ನು ಸ್ವಲ್ಪ ಹೊತ್ತು ನೋಡಿದ. ಆಮೇಲೆ ಲುದ್ವಿಗ್ ಕಡೆ ತಿರುಗಿ, ನೀರು ಕೆಟ್ಟಿರಬೇಕು, ಈ ವರ್ಷ ತಳದ ನೀರು ಸರಿಯಿಲ್ಲ, ಎಂದ. ಲುದ್ವಿಗ್, ಹೌದು, ಸರಿಯಿಲ್ಲ, ಎಂದ. ಸಾಯಲು ಮಲಗಿದವನು ಒಬ್ಬ, ಹೊಟ್ಟೆ ತುಂಬಿದವನು ಒಬ್ಬ, ಇಬ್ಬರೂ ಸೇರಿ ಎಫ್ರಾಯಿಮನ ಮಾನ ಮುಚ್ಚಿದರು. ಮೂರನೆಯ ದಿನ ಅಪ್ಪ ಹೋದ. ಬೈದಿದ್ದರೆ ಎಫ್ರಾಯಿಮನೂ ಎರಡು ಮಾತು ಬೈದು ಮುಗಿಸುತ್ತಿದ್ದ.

"ಹೋಗ್ತೀಯಾ?" ಎಂದಳು ಡೊರ್ತೆ.

"ಸೀಲ್ ಬೇಟೆಗೆ ಹೋಗಿ ಬರೋಣ ಅಂತಿದ್ದೆ. ದಾರಿಯಲ್ಲಿ ಸಿಕ್ರೆ ನೋಡ್ತೀನಿ."

"ದಾರಿಯಲ್ಲಿ ಸಿಗುತ್ತಾ ಕನಾಯೊಕ್? ಕೈ ಅಡ್ಡ ಹಾಕಿ ನಿಲ್ಸುತ್ತಾ?"

ಅವನು ಕೋವಿ ತೆಗೆದುಕೊಂಡ. ಈಟಿ, ಹಗ್ಗ, ತೇಲುಬುರುಡೆ, ದುರ್ಬೀನು ತೆಗೆದುಕೊಂಡ. ಕೈದಾರವನ್ನು, ಅದೂ ಅಪ್ಪನದೇ ಹಳೆಯ ಡಬ್ಬಿಗೆ ಸುತ್ತಿದ್ದ ದಾರ, ಡೊರ್ತೆ ಬೆನ್ನು ತಿರುಗಿಸಿದಾಗ ಅಂಗಿಯೊಳಗೆ ಸೇರಿಸಿದ. ದಾರದ ತುದಿಯ ಸೀಸದ ಗುಂಡು ಹೊಟ್ಟೆಗೆ ತಣ್ಣಗೆ ತಗುಲಿತು. ತಿಮಿಂಗಿಲಕ್ಕೆ ಹೊರಟವನಂತೆ ಸಜ್ಜಾಗಿ ಅವನು ಇಳಿಜಾರು ಇಳಿಯುವಾಗ ಡಬ್ಬಿ ಅಂಗಿಯೊಳಗೆ ಜಾರಿ ಬೆನ್ನಿನ ಕಡೆಗೆ ಹೋಯಿತು. ಅದು ಬೀಳದಿರಲೆಂದು ಸ್ವಲ್ಪ ಬಾಗಿ, ಒಂದು ಮೊಣಕೈಯನ್ನು ಪಕ್ಕೆಗೆ ಒತ್ತಿಕೊಂಡು ನಡೆದ.

ದಕ್ಕೆಯ ಮೇಲೆ ಲುದ್ವಿಗ್ ಹಲಗೆಯ ಮೇಲೆ ಕೂತು ಬಿಸಿಲು ಕಾಯಿಸುತ್ತಿದ್ದ. ಎಂಬತ್ತು ದಾಟಿದ ಮೇಲೆ ಅವನ ಬೇಟೆಯೆಲ್ಲ ದಕ್ಕೆಗೆ ಬಂದವರದೇ. ಎರಡು ಮಾರು ಆಚೆ ಬೋಲೆತೆ ಅಜ್ಜಿ, ಮುಂದೆ ಬಕೆಟ್, ಬೆರಳಿಗೆ ದಾರ.

"ಬೆನ್ನು ಹಿಡ್ಕೊಂಡಿದೆಯಾ?" ಎಂದ ಲುದ್ವಿಗ್.

"ಇಲ್ಲ ಮಾಮ. ಸೀಲ್‌ಗೆ."

"ಇಷ್ಟು ಹೊತ್ತಿಗಾ? ಬೇರೆಯವರೆಲ್ಲ ಬೆಳಿಗ್ಗೆನೇ ಹೋದ್ರಲ್ಲ."

"ಒಂದೆರಡು ಉಳ್ದಿರ್ತಾವೆ."

"ಇರ್ತಾವೆ, ಇರ್ತಾವೆ. ನಿನ್ನ ಕೋವಿ ಅಂದ್ರೆ ಅವಕ್ಕೂ ಭಯ ಇಲ್ಲ. ಎಷ್ಟು ವರ್ಷದ ಪರಿಚಯ."

ಬೋಲೆತೆ ಅಜ್ಜಿ ನಗಲಿಲ್ಲ. ಒಂದು ಕನಾಯೊಕ್ ಮೇಲೆಳೆದು, ಮೊಣಕಾಲಿನ ನಡುವೆ ಒತ್ತಿ ಹಿಡಿದು, ಜೇಬಿನಿಂದ ಕತ್ತರಿ ತೆಗೆದು ಅದರ ಕೆನ್ನೆಯ ಮುಳ್ಳುಗಳನ್ನು ಕಟಕ್ ಕಟಕ್ ಎಂದು ಉಗುರು ತೆಗೆದ ಹಾಗೆ ತೆಗೆದಳು. ಒಮ್ಮೆ ಮುಳ್ಳು ಚುಚ್ಚಿ ಕೈ ಬಾತ ಮೇಲೆ ಅವಳದು ಇದೇ ಕ್ರಮ; ಊರಲ್ಲಿ ಬೇರೆ ಯಾರೂ ಹೀಗೆ ಮಾಡುವುದಿಲ್ಲ.

"ಉಲ್ಲೋರಿಯಾಕ್ ಹುಷಾರಾದ್ನಾ?" ಎಂದು ಕೇಳಿದಳು, ಮೀನನ್ನೇ ನೋಡುತ್ತ.

"ಹುಷಾರು," ಎಂದ ಎಫ್ರಾಯಿಮ್. ನೋಡಲು ಹೋಗದವನಿಗೆ ಅಷ್ಟು ಗೊತ್ತಿದ್ದದ್ದೇ ಹೆಚ್ಚು.

ಅವನು ದೋಣಿಯನ್ನು ಮೂಗುಬಂಡೆಯ ಆಚೆಗೆ, ದಕ್ಕೆಯಿಂದಲೂ ಕಿಟಕಿಗಳಿಂದಲೂ ಕಾಣದ ಕಡೆಗೆ ಒಯ್ದ. ಮೋಟಾರು ನಿಲ್ಲಿಸಿದಾಗ ಕಿವಿಗೆ ಬಂದದ್ದು ಕರಗುವ ಹಿಮಬಂಡೆಗಳ ಚಟಪಟ ಮಾತ್ರ. ಕಳ್ಳತನ ಮಾಡುವವನಂತೆ ಸುತ್ತ ನೋಡಿದ, ದುರ್ಬೀನು ಹಿಡಿದೂ ನೋಡಿದ. ಯಾರೂ ಇರಲಿಲ್ಲ. ಯಾರೂ ಇಲ್ಲದಿರುವುದನ್ನು ಅಷ್ಟು ಶ್ರದ್ಧೆಯಿಂದ ನೋಡಿದ ಬೇಟೆಗಾರ ಆ ಕರಾವಳಿಯಲ್ಲಿ ಇನ್ನೊಬ್ಬನಿರಲಾರ. ದಾರ ಬಿಟ್ಟ. ಗುಂಡು ತಳ ಮುಟ್ಟಿತು. ಎತ್ತಿದ, ಇಳಿಸಿದ. ಎತ್ತಿದ, ಇಳಿಸಿದ. ಕೈಗೆ ಅದು ಮರೆತಿರಲಿಲ್ಲ. ಐದನೆಯ ವಯಸ್ಸಿನಲ್ಲಿ ಅಪ್ಪ ಹಿಂದೆ ಕೂತು, ಅವನ ಸೊಂಟದ ಪಟ್ಟಿಯನ್ನು ಒಂದು ಬೆರಳಲ್ಲಿ ಹಿಡಿದುಕೊಂಡು, ತಾನು ನೋಡುತ್ತಲೇ ಇಲ್ಲವೆಂಬಂತೆ ಬೇರೆಯವರ ಜೊತೆ ಮಾತಾಡುತ್ತಿದ್ದ. ಮೊದಲ ಕನಾಯೊಕ್ ಬಂದಾಗ, ಮೊದಲ ಬೇಟೆ ಊರಿಗೆ ಸಲ್ಲಬೇಕೆಂಬ ರೂಢಿಯಂತೆ, ಅದನ್ನು ಹನ್ನೊಂದು ತುಂಡು ಮಾಡಿ ಹನ್ನೊಂದು ಮನೆಗೆ ಹಂಚಿದ್ದರು. ಬೆರಳಿನ ಉಗುರಿನಷ್ಟು ತುಂಡು ತಿಂದು ಮುದುಕಿಯರು ಹೊಟ್ಟೆ ಸವರಿಕೊಂಡು, ಅಯ್ಯೋ ಹೊಟ್ಟೆ ಬಿರಿಯಿತು, ಎಂದಿದ್ದರು. ಅಷ್ಟು ದೊಡ್ಡ ಬೇಟೆಗಾರ ಅವನು ಆಮೇಲೆ ಯಾವತ್ತೂ ಆಗಲಿಲ್ಲ. ಎತ್ತಿದ, ಇಳಿಸಿದ. ಆಗ ದೋಣಿಯಿಂದ ಹದಿನೈದು ಮಾರು ದೂರದಲ್ಲಿ ನೀರು ತೆರೆದು ಒಂದು ಸೀಲ್ ತಲೆ ಎತ್ತಿತು.

ಒದ್ದೆ ಮೀಸೆ, ದುಂಡು ತಲೆ, ಅವಸರವಿಲ್ಲದ ಕಣ್ಣು. ಅದು ಅವನನ್ನು ನೋಡಿತು, ದಾರವನ್ನು ನೋಡಿತು, ಮತ್ತೆ ಅವನನ್ನು ನೋಡಿತು. ಎಫ್ರಾಯಿಮನಿಗೆ ಕಿವಿ ಬಿಸಿಯಾಯಿತು. ಸೀಲ್ ಹೋಗಿ ಯಾರಿಗೂ ಹೇಳುವುದಿಲ್ಲ ಎಂದು ಅವನಿಗೆ ಹೊಳೆಯಲು ಒಂದು ಕ್ಷಣ ತಡವಾಯಿತು. ಆ ಕ್ಷಣದಲ್ಲಿ ಅವನ ಕೈ ದಾರ ಬಿಟ್ಟು ಕೋವಿ ಹಿಡಿದಿತ್ತು. ಗುಂಡು ಹಾರಿಸಿದ. ಸೀಲ್ ಇದ್ದ ಜಾಗಕ್ಕಿಂತ ಒಂದು ಮಾರು ಎಡಕ್ಕೆ ನೀರು ಚಿಮ್ಮಿತು. ಸೀಲ್ ಗಡಿಬಿಡಿಯಿಲ್ಲದೆ ಮುಳುಗಿತು. ಡಬ್ಬಿ ದೋಣಿಯ ಅಂಚಿಗೆ ಒಮ್ಮೆ ಬಡಿದು, ನೀರಿಗೆ ಬಿದ್ದು, ಗುಳಕ್ ಎಂದು ಅದೂ ಹೋಯಿತು. ಅಪ್ಪನ ದಾರ. ಎಫ್ರಾಯಿಮ್ ತೋಳು ಭುಜದವರೆಗೆ ನೀರಿಗಿಳಿಸಿ ತಡಕಿದ, ಇಪ್ಪತ್ತು ಮಾರು ಆಳದಲ್ಲಿದ್ದುದು ತೋಳಿಗೆ ಸಿಕ್ಕೀತು ಎಂಬಂತೆ. ತೋಳು ಮರಗಟ್ಟಿದ ಮೇಲೆ ತೆಗೆದ. ಸಾಲದ್ದಕ್ಕೆ ಕೋವಿಯ ಸದ್ದು ಊರಿಗೆಲ್ಲ ಕೇಳಿಸಿರುತ್ತದೆ. ಈಗ ದಕ್ಕೆಯಲ್ಲಿ ಬೇಟೆ ಎಳೆದುಕೊಳ್ಳಲು ಕೈ ಒರೆಸಿಕೊಂಡು ಕಾಯುತ್ತಿರುತ್ತಾರೆ.

ಕಾಯುತ್ತಿದ್ದರು. ಲುದ್ವಿಗ್ ಕಣ್ಣಿಗೆ ಕೈ ಅಡ್ಡ ಹಿಡಿದು ದೋಣಿಯೊಳಗೆ ಇಣುಕಿದ.

"ತುಂಬ ದೊಡ್ಡದಿತ್ತೇನೋ. ದೋಣಿಗೆ ಹಿಡಿಸ್ಲಿಲ್ಲ?"

"ಮುಳುಗ್ತು ಮಾಮ."

"ಮುಳುಗುತ್ತೆ. ಅದರ ಮನೆ ಇರೋದೇ ಕೆಳಗೆ." ಲುದ್ವಿಗ್ ಪೈಪಿಗೆ ತಂಬಾಕು ತುಂಬುತ್ತ ಅವನ ಅಂಗಿಯ ಕಡೆ ನೋಡಿದ. "ತೋಳು ಯಾಕೆ ಒದ್ದೆ? ಈಜಿ ಹಿಡಿಯೋಕೆ ಹೋಗಿದ್ಯಾ?"

ಎಫ್ರಾಯಿಮ್ ಹಗ್ಗ ಬಿಗಿದು, ಕೋವಿ ಈಟಿಗಳನ್ನು ಒಂದೊಂದಾಗಿ ದಕ್ಕೆಗೆ ಎತ್ತಿಟ್ಟ. ಬೋಲೆತೆ ಅಜ್ಜಿಯ ಪಕ್ಕದಲ್ಲಿ ಹಾದು ಹೋಗುವಾಗ ಅವಳು ತಲೆ ಎತ್ತದೆಯೇ ಒಂದು ಪ್ಲಾಸ್ಟಿಕ್ ಚೀಲ ಅವನ ಒದ್ದೆ ಕೈಗೆ ಸಿಕ್ಕಿಸಿದಳು. ಚೀಲದೊಳಗೆ ಎರಡು ಮೀನು ಇನ್ನೂ ಮಿಸುಕುತ್ತಿದ್ದವು. ಬೇಡ ಅನ್ನಲು ಬಾಯಿ ತೆರೆದ. ಬಾಯಿ ದೊಡ್ಡದು, ಮಾತು ಬರಲಿಲ್ಲ. "ಹೋಗು, ಹೋಗು," ಎಂದಳು ಅವಳು, ನಾಯಿಮರಿಯನ್ನು ಅಟ್ಟುವ ಹಾಗೆ.

ಹಳದಿ ಮನೆಯ ಮೆಟ್ಟಿಲನ್ನು ಅವನು ಆರು ವರ್ಷದಿಂದ ಹತ್ತಿರಲಿಲ್ಲ. ಮೆಟ್ಟಿಲು ಹತ್ತುವಷ್ಟರಲ್ಲಿ ಕಥೆ ತಯಾರಾಗಿತ್ತು. ಮೂಗುಬಂಡೆಯ ಆಚೆ, ಆಳವಾದ ಕಡೆ, ಗಾಳಿ ಎದ್ದಿತ್ತು, ಮೊದಲನೆಯದು ತಪ್ಪಿಸಿಕೊಂಡಿತು. ತಪ್ಪಿಸಿಕೊಂಡದ್ದು ಒಂದಿದ್ದರೆ ಕಥೆಗೆ ನಂಬಿಕೆ ಬರುತ್ತದೆ. ತುಕುಮ್ಮೆಕ್ ಬಾಗಿಲು ತೆರೆದು, ಅವನನ್ನು ನೋಡಿ, ಬಾಗಿಲು ಹಿಡಿದುಕೊಂಡೇ ನಿಂತಳು.

"ಬಂದ್ಯಾ," ಎಂದಳು. ಆಮೇಲೆ ಒಳಗೆ ತಿರುಗಿ, "ಉಲ್ಲೋರಿಯಾಕ್, ನಿನ್ನ ಮಗ ಬಂದಿದ್ದಾನೆ ನೋಡು."

ಹುಡುಗಿ ಬೆಂಚಿನ ಮೇಲೆ ಕಂಬಳಿಯೊಳಗಿಂದ ಎದ್ದು ಕೂತಳು. ಮುಖ ಸೊರಗಿ ಇಷ್ಟಾಗಿತ್ತು, ಕೂದಲು ಬೆವರಿಗೆ ಹಣೆಗೆ ಅಂಟಿತ್ತು. ಎಫ್ರಾಯಿಮ್ ಅವಳನ್ನು ಇಷ್ಟು ಹತ್ತಿರದಿಂದ ಯಾವತ್ತೂ ನೋಡಿರಲಿಲ್ಲ. ಅಪ್ಪನ ಹೋಲಿಕೆ ಹುಡುಕಿದ, ಹೆದರುತ್ತ ಹುಡುಕಿದ, ಏನೂ ಸಿಗಲಿಲ್ಲ. ಆರು ವರ್ಷದ, ಮೂಗು ಕೆಂಪಾದ ಒಂದು ಹುಡುಗಿ. ಇಷ್ಟಕ್ಕೆ ತಾನು ಕಂಡವರ ನಾಯಿಗಳಿಂದ ಕಚ್ಚಿಸಿಕೊಂಡೆನೇ ಎನ್ನಿಸಿತು.

"ತಂದ್ಯಾ ಮಗಾ?"

"ತಂದೆ."

"ನೀನೇ ಹಿಡಿದ್ಯಾ?"

"ಮೂಗುಬಂಡೆ ಆಚೆ," ಎಂದು ಶುರುಮಾಡಿದ ಎಫ್ರಾಯಿಮ್, "ತುಂಬ ಆಳ ಅಲ್ಲಿ. ಗಾಳಿ ಬೇರೆ. ಮೊದಲನೇದು ಇಷ್ಟುದ್ದ ಇತ್ತು, ಕೈಗೆ ಬಂದಿದ್ದು—"

ತುಕುಮ್ಮೆಕ್ ಚೀಲದಿಂದ ಮೀನುಗಳನ್ನು ಬೇಸಿನ್ನಿಗೆ ಸುರಿದಿದ್ದಳು. ಸುರಿದವಳು ಒಂದು ಸಲ ಬೇಸಿನ್ ನೋಡಿ, ಒಂದು ಸಲ ಅವನನ್ನು ನೋಡಿ, ಕೆಮ್ಮಿ, ಒಲೆಯ ಕಡೆ ತಿರುಗಿ ಪಾತ್ರೆ ಹುಡುಕತೊಡಗಿದಳು. ಪಾತ್ರೆ ಅವಳ ಮುಂದೆಯೇ ಇತ್ತು. ಈ ಬೆನ್ನು ತಿರುಗಿಸುವ ಮರ್ಯಾದೆ ಎಫ್ರಾಯಿಮನಿಗೆ ಚೆನ್ನಾಗಿ ಗೊತ್ತಿತ್ತು. ನೀರು ಕೆಟ್ಟಿರಬೇಕು ಎಂದದ್ದೂ ಇದೇ ಮರ್ಯಾದೆಯೇ. ಹುಡುಗಿ ಮಾತ್ರ ಕಂಬಳಿ ಹೊದ್ದುಕೊಂಡೇ ಇಳಿದು ಬಂದು ಬೇಸಿನ್ನಿನ ಮೇಲೆ ಬಾಗಿದಳು.

"ಮುಳ್ಳೆಲ್ಲಿ?" ಎಂದಳು. "ಇದು ಬೋಲೆತೆ ಅಜ್ಜಿ ಮೀನು. ಅಜ್ಜಿ ಮೀನಿಗೆ ಮುಳ್ಳಿರಲ್ಲ."

ಮುಳ್ಳು ಕತ್ತರಿಸಿದ ಎರಡು ತಲೆಗಳು ಬೇಸಿನ್ನಿನಿಂದ ಬಾಯಿ ತೆರೆದು ಅವನನ್ನು ನೋಡುತ್ತಿದ್ದವು. ಒಂದು ಸಣ್ಣಗೆ ಗುರ್ ಎಂದಿತು. ಎಫ್ರಾಯಿಮನಿಗೆ ತನ್ನ ಕೆನ್ನೆಯೂ ಊದಿಕೊಳ್ಳುತ್ತಿರುವುದು ತಿಳಿಯಿತು; ಗದರಿಸಬಹುದಿತ್ತು, ನಗಬಹುದಿತ್ತು, ಮಗುವಿಗೆ ಏನೋ ಒಂದು ಹೇಳಿದರಾಯಿತು, ಆರು ವರ್ಷದ ಮಗು, ನಾಳೆ ಮರೆಯುತ್ತದೆ. ಎದುರಿಗಿರುವುದು ಅಪ್ಪ ಎಂದು ಊರು ಹೇಳುತ್ತದೆ, ಮಗು ಎಂದು ಕಣ್ಣು ಹೇಳುತ್ತದೆ. ಎರಡರಲ್ಲಿ ಯಾರಿಗೆ ಸುಳ್ಳು ಹೇಳುವುದು ಸುಲಭ ಎಂದು ಅವನು ಲೆಕ್ಕ ಹಾಕುತ್ತ ನಿಂತ. ನಿಂತಷ್ಟು ಹೊತ್ತೂ ಹುಡುಗಿ ಕಂಬಳಿಯ ತುದಿ ಚೀಪುತ್ತ ಕಾದಳು.

"ನಾನು ಹಿಡೀಲಿಲ್ಲ," ಎಂದ. "ದಾರ ನೀರಿಗೆ ಬಿದ್ದೋಯ್ತು."

"ಯಾಕೆ ಬಿತ್ತು?"

"ಯಾರಾದ್ರೂ ನೋಡ್ತಾರೆ ಅಂತ ಬಿಟ್ಬಿಟ್ಟೆ."

"ಯಾರು ನೋಡಿದ್ರು?"

"ಒಂದು ಸೀಲ್."

ಒಲೆಯ ಹತ್ತಿರ ತುಕುಮ್ಮೆಕ್‌ಳ ಬೆನ್ನು ಅಲುಗಿತು. ಹುಡುಗಿ ನಗಲಿಲ್ಲ. ಅವಳಿಗೆ ಅದರಲ್ಲಿ ನಗುವಂಥದ್ದೇನೂ ಕಾಣಲಿಲ್ಲ.

"ಹೋದ ಸಲವೂ ಹೀಗೇ," ಎಂದ ಎಫ್ರಾಯಿಮ್. "ಹೋದ ಸಲ ನೀನು ಕೇಳಿದಾಗ ನಾನು ಹೋಗಲೇ ಇಲ್ಲ. ದೋಣಿಮನೆಯಲ್ಲಿ ಕೂತಿದ್ದೆ. ಬಂದು ಸಿಗಲಿಲ್ಲ ಅಂದೆ."

ಹೋದ ಸಲ ಯಾವುದು ಎಂದು ಹುಡುಗಿ ಕೇಳುತ್ತಾಳೆ, ಕೇಳಲಿ, ಆಗ ನಕ್ಕು ಮಾತು ಮರೆಸೋಣ ಎಂದು ಅವನ ಒಳಗಿನ ಹೇಡಿ ಆಗಲೇ ತಯಾರಾಗಿದ್ದ. ಹುಡುಗಿ ಅದನ್ನು ಕೇಳಲಿಲ್ಲ. ಬೇಸಿನ್ನಿನ ಮೀನಿನ ಬಾಯಿಗೆ ಬೆರಳು ಹಾಕಿ ನೋಡುತ್ತ, ಅಲ್ಲಿಂದಲೇ ಹೇಳಿದಳು:

"ಹಾಗಾದ್ರೆ ಈಗ ಹೋಗು. ನಂಗೆ ಹಸಿವು."

ತುಕುಮ್ಮೆಕ್ ಸದ್ದಿಲ್ಲದೆ ಬೇಸಿನ್ ಎತ್ತಿ ಬದಿಗಿಟ್ಟಳು. ಗೂಟದಲ್ಲಿ ತೂಗುಹಾಕಿದ್ದ ದಾರವೊಂದನ್ನು ತೆಗೆದು ಅವನ ಕೈಗೆ ಕೊಟ್ಟಳು. ಮಕ್ಕಳ ದಾರ, ಗುಲಾಬಿ ಬಣ್ಣದ ಪ್ಲಾಸ್ಟಿಕ್ ಹಿಡಿ.

ಅವನು ಈ ಸಲ ಇಳಿಜಾರಿನ ಮಧ್ಯದಲ್ಲೇ ಇಳಿದ. ದಾರ ಬಚ್ಚಿಡಲು ಅಂಗಿಯೊಳಗೆ ಜಾಗವಿದ್ದರೂ ಬಚ್ಚಿಡಲು ಮರೆತ. ಮರೆತದ್ದು ಧೈರ್ಯವಲ್ಲ ಎಂಬುದನ್ನು ಅವನು ಅರ್ಧ ದಾರಿಯಲ್ಲಿ, ಅಂಗಡಿಯ ಕಿಟಕಿಯಲ್ಲಿ ಮೂರು ಮುಖ ಕಂಡಾಗ, ಗಮನಿಸಿದ. ಅಷ್ಟರಲ್ಲಿ ತಡವಾಗಿತ್ತು. ಗುಲಾಬಿ ಹಿಡಿಯ ಬಣ್ಣ ಕೊಲ್ಲಿಯ ಆಚೆ ದಡಕ್ಕೂ ಕಾಣುವಂಥದ್ದು. ದಕ್ಕೆಯ ಹಲಗೆಯ ಮೇಲೆ ಬೋಲೆತೆ ಅಜ್ಜಿಯ ಪಕ್ಕದಲ್ಲಿ ಕೂತು ಕಾಲು ಇಳಿಬಿಟ್ಟಾಗ ಮೊಣಕಾಲು ಟಕ್ಕೆಂದಿತು. ಲುದ್ವಿಗ್ ಪೈಪನ್ನು ಬಾಯಿಂದ ತೆಗೆದ.

"ಏನಪ್ಪ, ಈ ಸಲ ಸಣ್ಣ ಕೋವಿ?"

"ಕನಾಯೊಕ್ ಹಿಡಿಯೋಕೆ ಮಾಮ."

"ಅದು ಕಾಣುತ್ತೆ. ಯಾರಿಗೆ?"

ಎಫ್ರಾಯಿಮ್ ದಾರ ಬಿಚ್ಚುತ್ತಿದ್ದ. ಗಂಟು ಬಿದ್ದಿತ್ತು, ಮಕ್ಕಳ ದಾರ ಯಾವಾಗಲೂ ಗಂಟು. ಅದನ್ನು ಬಿಡಿಸುವವರೆಗೆ ಉತ್ತರಿಸಬೇಕಾಗಿರಲಿಲ್ಲ. ಗಂಟು ಬೇಗ ಬಿಚ್ಚಿಕೊಂಡಿತು.

"ಅಪ್ಪನಿಗೆ," ಎಂದ. "ಹಸಿವಂತೆ."

ಲುದ್ವಿಗ್ ಪೈಪನ್ನು ಮತ್ತೆ ಬಾಯಿಗಿಟ್ಟುಕೊಂಡು ನೀರಿನ ಕಡೆ ತಿರುಗಿದ. ಬೋಲೆತೆ ಅಜ್ಜಿ ಕಾಲಿನಿಂದ ತನ್ನ ಬಕೆಟ್ಟನ್ನು ಅತ್ತ ಸರಿಸಿ ಜಾಗ ಮಾಡಿದಳು. ಎಫ್ರಾಯಿಮ್ ದಾರ ಬಿಟ್ಟ. ಗುಂಡು ಇನ್ನೂ ತಳ ಮುಟ್ಟಿರಲಿಲ್ಲ, ದಾರ ಬೆರಳನ್ನು ಜಗ್ಗಿತು. ಎಳೆದ. ಬಂದದ್ದು ಅವನ ಅಂಗೈಗಿಂತ ಚಿಕ್ಕದು, ಅದರಲ್ಲಿ ಮುಕ್ಕಾಲು ತಲೆ. ಗಾಳಿಗೆ ಬಂದದ್ದೇ ತಲೆ ಊದಿಸಿಕೊಂಡು ದಕ್ಕೆಯವರಿಗೆಲ್ಲ ಗುರ್ ಎಂದಿತು. ಗಾಳ ಬಿಡಿಸುವಾಗ ಮುಳ್ಳು ಹೆಬ್ಬೆರಳಿಗೆ ಇಳಿಯಿತು. ಅವನು ಬೆರಳು ಚೀಪಿಕೊಂಡು, ಒಂದೇ ಕೈಯಲ್ಲಿ ದಾರವನ್ನು ಮತ್ತೆ ನೀರಿಗೆ ಬಿಟ್ಟ.